ಹಿರೇರ ಮೂಲೆಯ ತಕರಾರು

ಚಳ್ಳಕೆರೆ
೧೭-೧೧-೨೦೨೫, ಕಾರ್ತಿಕ ಸೋಮವಾರ

ಪ್ರೀತಿಯ ತಮ್ಮ ಸಿದ್ದಲಿಂಗೇಶನಿಗೆ ನಿನ್ನ ಅಣ್ಣ ಜಂಬುಲಿಂಗಪ್ಪನ ಆಶೀರ್ವಾದ.

ಹೇಗಿದ್ದೀಯ? ಹೊಟ್ಟೆ ಉರಿ ಕಡಿಮೆಯಾಯಿತೇ? ಇದನ್ನು ನಾನು ಕೇಳುತ್ತಿಲ್ಲ, ಅವ್ವ ಕೇಳಿಸುತ್ತಿದ್ದಾಳೆ. ಪಡಸಾಲೆಯಲ್ಲಿ ನನ್ನ ಎದುರಿಗೇ ಮೊರ ಹಾಕಿಕೊಂಡು ಶೇಂಗಾ ಸುಲಿಯುತ್ತಾ ಕೂತಿದ್ದಾಳೆ, ನಾನು ಏನು ಬರೆದೆ ಅಂತ ಗಳಿಗೆಗೊಮ್ಮೆ ಓದಿಸಿಕೊಳ್ಳುತ್ತಾಳೆ. ಮೊದಲನೇ ಹಾಳೆಯಲ್ಲಿ ಮೊದಲನೇ ಸಾಲಿಗೇ ನಿನಗೆ ಬೈದು ಬರೆದಿದ್ದೆ. "ಮದ್ಲು ಮಗ ಹೆಂಗೈದಾನೆ ಅಂತ ಕೇಳೋ ಮುಂಗೋಪಿ, ಆಮ್ಯಾಕೆ ಬೈಯುವಂತೆ" ಅಂದಳು. ಆ ಹಾಳೆ ಹರಿದು ಈ ಹಾಳೆ ಹಿಡಿದಿದ್ದೇನೆ. ಆದೋನಿ ಹೋಟೆಲಿನವರು ಅನ್ನಕ್ಕೆ ಖಾರ ಕಲಸುತ್ತಾರೋ, ಖಾರಕ್ಕೆ ಅನ್ನ ಕಲಸುತ್ತಾರೋ ದೇವರಿಗೇ ಗೊತ್ತು, ನೀನು ಮಜ್ಜಿಗೆ ಬಿಡಬೇಡ. ಹತ್ತಿ ಮಿಲ್ಲಿನ ಧೂಳು ಎದೆಗೆ ಇಳಿಯುತ್ತದಂತೆ, ಮೂಗಿಗೆ ಟವೆಲು ಕಟ್ಟಿಕೋ. ಇದೂ ಅವ್ವನದೇ ಮಾತು. ನನ್ನ ಮೊಣಕಾಲು ನೋವು ಇದ್ದ ಹಾಗೇ ಇದೆ. ನೀನು ಕೇಳಲಿಲ್ಲ, ನಾನೇ ಹೇಳಿದೆ. ಅವ್ವನಿಗೆ ಕಣ್ಣು ಮಂಜಾಗಿದೆ, ಕಿವಿ ಮಾತ್ರ ಚುರುಕು. ನಿನಗೆ ನಾನು ಮನಸ್ಸಿನಲ್ಲಿ ಬೈದುಕೊಂಡರೂ ಕೇಳಿಸುತ್ತದೆ ಅವಳಿಗೆ.

ನಿನ್ನ ಫೋನು ಯುಗಾದಿಯಿಂದ ಬಂದ್. ಸಾಲ ಕೊಟ್ಟವರಿಗೆ ಹೆದರಿ ಬಂದ್ ಮಾಡಿದೆ, ಸರಿ. ನಾನು ನಿನಗೆ ಸಾಲ ಕೊಟ್ಟವನೇನೋ? ಅವ್ವ ಕೊಟ್ಟವಳೇನೋ? ಎಲ್ಲಿದ್ದೀಯ ಅಂತ ನಿನ್ನ ಹೆಂಡತಿ ಸ್ವಪ್ನ ಕೂಡ ಬಾಯಿ ಬಿಟ್ಟಿರಲಿಲ್ಲ, ನೀನು ಆಣೆ ಹಾಕಿಸಿದ್ದೀಯಂತೆ. ನಿನ್ನೆ ಮೊಳಕಾಲ್ಮೂರಿನ ತವರಿನಿಂದ ಅವ್ವನನ್ನು ನೋಡಲು ಬಂದಾಗ ಅವ್ವ ಅವಳ ಎರಡೂ ಕೈ ಹಿಡಿದುಕೊಂಡು, "ಊರು ಹೇಳ್ಬ್ಯಾಡ ತಾಯಿ, ಉಂಡನಾ ಅಂತ ಅಷ್ಟು ಹೇಳು" ಅಂದಳು. ಆ ಹುಡುಗಿ ಅಳುತ್ತಾ ಊರೂ ಹೇಳಿದಳು, ಹತ್ತಿ ಮಿಲ್ಲಿನಲ್ಲಿ ಲೆಕ್ಕ ಬರೆಯುವುದನ್ನೂ ಹೇಳಿದಳು. ಅವಳ ಮೇಲೆ ಹರಿಹಾಯಬೇಡ, ಹರಿಹಾಯ್ದೆ ಅಂತ ಗೊತ್ತಾದರೆ ನಾನೇ ಆದೋನಿಗೆ ಬರುತ್ತೇನೆ. ಇವತ್ತು ಸಂಜೆ ಬಸ್ಸಿಗೆ ನಿನಗೆ ರೊಟ್ಟಿ, ಚಟ್ನಿಪುಡಿ ಕಟ್ಟಿಕೊಂಡು ಹೊರಡುತ್ತಾಳೆ. ಈ ಕಾಗದ ಅವಳ ಚೀಲದಲ್ಲೇ ಬರುತ್ತದೆ.

ಇನ್ನು ವಿಷಯ. ಸುತ್ತಿ ಬಳಸಿ ಬರೆಯಲು ನನಗೆ ಬರುವುದಿಲ್ಲ, ನಾಲ್ಕನೇ ಕ್ಲಾಸಿಗೆ ಶಾಲೆ ಬಿಡಿಸಿ ಅಪ್ಪ ನನ್ನನ್ನು ಮಂಡಿಯ ತಕ್ಕಡಿ ಪಕ್ಕ ನಿಲ್ಲಿಸಿದ್ದು ನಿನಗೆ ಗೊತ್ತೇ ಇದೆ. ರಾಂಪುರದ ರಸ್ತೆ ಪಕ್ಕದ ನಮ್ಮ ಹೊಲ, ನೀನು ಬೇಸಾಯದ ಲೆಕ್ಕದಿಂದ ತೆಗೆಸಿ ಅಲಿನೇಷನ್ ಮಾಡಿಸಿ ಎಣ್ಣೆ ಮಿಲ್ಲು ಕಟ್ಟಿ, ಆಮೇಲೆ ಬ್ಯಾಂಕಿಗೆ ಅಡ ಇಟ್ಟೆಯಲ್ಲ, ಅದನ್ನು ಬರುವ ತಿಂಗಳು ಹರಾಜು ಹಾಕುತ್ತಾರೆ. ಮಿಲ್ಲಿನ ಗೇಟಿಗೆ ನೋಟೀಸು ಅಂಟಿಸಿದ್ದಾರೆ, ಪೇಪರಿನಲ್ಲೂ ಹಾಕಿಸಿದ್ದಾರೆ. ನಾನು ಗೇಟಿನ ಮುಂದೆ ನಿಂತು ಅಕ್ಷರ ಕೂಡಿಸಿ ಕೂಡಿಸಿ ಓದಿದೆ. ಮೂಡಲಿಗೆ ರಸ್ತೆ, ಪಡುವಲಿಗೆ ಹಳ್ಳ ಅಂತ ಚಕ್ಕುಬಂದಿ ಬರೆದಿದ್ದಾರೆ. ಮಿಲ್ಲು ಬರೆದಿದ್ದಾರೆ, ಬೋರು ಬರೆದಿದ್ದಾರೆ, ಗೋಡೌನಿನ ತಗಡಿನ ಸೂರನ್ನೂ ಬಿಡದೆ ಬರೆದಿದ್ದಾರೆ. ಅಪ್ಪನನ್ನು ಬರೆದಿಲ್ಲ. ನಿನ್ನ ಅತ್ತಿಗೆಯನ್ನು, ನನ್ನ ಲಕ್ಷ್ಮೀದೇವಿಯನ್ನು ಬರೆದಿಲ್ಲ. ಈ ಆಸ್ತಿಯ ಮೇಲೆ ಬೇರೆಯವರ ಹಕ್ಕು ಇರುವುದು ನಮ್ಮ ಗಮನಕ್ಕೆ ಬಂದಿಲ್ಲ ಅಂತ ಕೊನೆಗೆ ಒಂದು ಸಾಲು ಬರೆದು ಸೀಲು ಒತ್ತಿದ್ದಾರೆ.

ಮಿಲ್ಲು ಹೋದರೆ ಹೋಗಲಿ. ತಾಳೆ ಎಣ್ಣೆಯ ಪ್ಯಾಕೆಟ್ಟು ಬಂದ ಮೇಲೆ ಈ ಊರಲ್ಲಿ ಎಷ್ಟು ಜನರ ಮಿಲ್ಲಿನ ಚಿಮಣಿ ತಣ್ಣಗಾಯಿತು, ನಿನ್ನದೂ ಆಯಿತು. ಅದಕ್ಕೆ ನಾನು ನಿನ್ನನ್ನು ಯಾವತ್ತಾದರೂ ಹಂಗಿಸಿದ್ದೇನೆಯೇ? ಹಂಗಿಸಿದ್ದೇನೆ, ಇರಲಿ, ಅಣ್ಣನಾದವನು ಅಷ್ಟೂ ಅನ್ನಬಾರದೇನು. ಆದರೆ ಹಳ್ಳದ ಕಡೆಗಿರುವ ಆ ಮೂಲೆ, ಬೇವಿನ ಮರದ ಕೆಳಗಿನದು, ಅದು ಮಿಲ್ಲಲ್ಲ, ಅದು ನಿನ್ನದಲ್ಲ, ನನ್ನದೂ ಅಲ್ಲ. ತಾತ ಅಲ್ಲಿದ್ದಾನೆ, ಅವನ ಪಕ್ಕಕ್ಕೆ ಅಪ್ಪ. ಅಪ್ಪನ ಎಡಕ್ಕೆ ಒಂದು ಜಾಗ ಬಿಟ್ಟು ಆಚೆಗೆ ಲಕ್ಷ್ಮಿ. ನಡುವೆ ಬಿಟ್ಟಿರುವುದು ಯಾರಿಗೆ ಅಂತ ನಿನಗೆ ಹೇಳಿಕೊಡಬೇಕಿಲ್ಲ. ಪ್ರತಿವರ್ಷ ಹಿರಿಯರ ಪೂಜೆಗೆ ಹೋದಾಗ ನಾವು ಕಲ್ಲು ತೊಳೆದು ಪತ್ರೆ ಏರಿಸಿ ಎಡೆ ಇಡುವಷ್ಟು ಹೊತ್ತೂ ಅವ್ವ ಆ ಜಾಗದಲ್ಲೇ ಕಾಲು ಚಾಚಿ ಕೂತು ಸೆರಗಿನಲ್ಲಿ ಗಾಳಿ ಬೀಸಿಕೊಳ್ಳುತ್ತಾಳೆ. "ಗಾಳಿ ಚಲೋ ಐತೆ ಕಣೋ, ಗಂಡ ಒಂದು ಕಡಿಗೆ, ಸೊಸಿ ಒಂದು ಕಡಿಗೆ, ಇನ್ನೇನು ಬೇಕು" ಅಂತ ನಗಾಡುತ್ತಾಳೆ. ಹೋದ ತಿಂಗಳು ದೀಪಾವಳಿಗೆ ಹೋದಾಗ ಗೇಟಿಗೆ ಬ್ಯಾಂಕಿನ ಬೀಗ. ಕಾವಲಿನವನು ಒಳಗೆ ಬಿಡಲಿಲ್ಲ. ಎಡೆಯನ್ನು ರಸ್ತೆ ಬದಿಯಲ್ಲಿ ಬಾಳೆಲೆ ಹಾಸಿ ಇಟ್ಟೆವು. ಅವ್ವ ಗೇಟಿನ ಸರಳು ಹಿಡಿದುಕೊಂಡು ನಿಂತಿದ್ದಳು, ಆವತ್ತು ನಗಾಡಲಿಲ್ಲ.

ಪಾಲುಪತ್ರ ಮಾಡಿದ ದಿನ ನೆನಪಿದೆಯೇ ನಿನಗೆ? ಮೊಳಕಾಲ್ಮೂರಿನ ರಿಜಿಸ್ಟ್ರಾರ್ ಆಫೀಸಿನ ಮುಂದೆ ಪತ್ರ ಬರೆಯುವವನ ಮೇಜಿನ ಸುತ್ತ ನಿಂತಿದ್ದೆವು. ಮಂಡಿ ನನಗೆ, ಹೊಲ ನಿನಗೆ ಅಂತ ಅಪ್ಪ ಹೇಳಿ ಮುಗಿಸಿದ. ಬರೆಯುವವನು ಒಳ್ಳೆಯ ಮನುಷ್ಯ, ಪೆನ್ನು ಎತ್ತಿ ಕೇಳಿದ, "ಯಜಮಾನ್ರೆ, ಸಮಾಧಿ ಜಾಗ ಬ್ಯಾರೆ ಮಾಡಿ, ಇಬ್ರಿಗೂ ಸೇರಿದ್ದು ಅಂತ ಒಂದು ಸಾಲು ಬರೀಲೇನ್ರಿ?" ಅಪ್ಪ ಮೇಜು ಗುದ್ದಿದ ಏಟಿಗೆ ಮಸಿ ಚೆಲ್ಲಿತು. "ಬದುಕಿರೋರ ಪಾಲಿನಾಗೆ ಸತ್ತೋರ ಜಾಗ ಬರೀತಾರೇನ್ರಿ? ಬರದ್ರೆ ಇನ್ನೊಂದು ಹೆಣ ಬೀಳ್ತೈತೆ. ಹಿರೇರ ಮೂಲಿಗೆ ಪಾಲಿಲ್ಲ, ಪತ್ರಾನೂ ಇಲ್ಲ. ಬಿಡ್ರಿ" ಅಂದ. ನಮ್ಮ ಪೈಕಿಯಲ್ಲಿ ಯಾರು ಬರೆಸಿದ್ದಾರೆ ಹೇಳು? ಯಾರೂ ಬರೆಸುವುದಿಲ್ಲ. ಸಮಾಧಿಯ ಕಲ್ಲಿನ ಮೇಲೆ ಹೆಸರು ಕೂಡ ಕೊರೆಸುವುದಿಲ್ಲ, ಮನೆಯವರಿಗೆ ಗೊತ್ತಿದ್ದರೆ ಸಾಕು ಅಂತ. ಅಪಶಕುನ ಅಂತ ಬಿಟ್ಟ ಒಂದು ಸಾಲಿಗೆ ಇವತ್ತು ಇಡೀ ಸರ್ವೆ ನಂಬರು ನಿನ್ನೊಬ್ಬನದಾಗಿ, ನಿನ್ನಿಂದ ಬ್ಯಾಂಕಿನದಾಗಿ ಕೂತಿದೆ.

ಸುಮ್ಮನೆ ಕೂರುವ ಜಾಯಮಾನ ನನ್ನದಲ್ಲ. ಹೋದ ಬುಧವಾರ ಬ್ಯಾಂಕಿಗೆ ಹೋದೆ. ಸಾಲ ವಸೂಲಿ ನೋಡಿಕೊಳ್ಳುವವಳು ಐಶ್ವರ್ಯ ಅಂತ, ನನ್ನ ಮೊಮ್ಮಗಳ ವಯಸ್ಸಿನವಳು. ನಾನು ಬಾಗಿಲಿನಿಂದಲೇ ಕೂಗಾಡಿಕೊಂಡು ಹೋದೆ, ದುಡ್ಡು ಕಟ್ಟಲು ನಿಂತಿದ್ದ ಜನ ಎಲ್ಲ ತಿರುಗಿ ನೋಡಿದರು. ಆ ಹುಡುಗಿ ಎದ್ದು ಕುರ್ಚಿ ಎಳೆದು, "ಅಂಕಲ್, ಮೊದಲು ಕೂತ್ಕೊಳ್ಳಿ. ಬೈಯೋದನ್ನ ಕೂತ್ಕೊಂಡೂ ಬೈಬಹುದು" ಅಂದಳು. ಕೂತೆ. ನೀರು ತರಿಸಿದಳು. ನಾನು ಹೇಳಿದ್ದನ್ನು ನಡುವೆ ಬಾಯಿ ಹಾಕದೆ ಕೇಳಿದಳು, ನಮ್ಮ ಮನೆಯಲ್ಲಿ ಯಾರೂ ಹಾಗೆ ಕೇಳಿದ್ದಿಲ್ಲ. ಆಮೇಲೆ ಹೇಳಿದಳು, "ನೀವು ಸಾಲ ತಗೊಂಡವರಲ್ಲ, ಕೊಟ್ಟವರೂ ಅಲ್ಲ, ಮೂರನೆಯವರು. ಮೂರನೆಯವರ ಹಕ್ಕು ಇದ್ರೆ ಹರಾಜಿಗೆ ಮುಂಚೆ ನಾವು ಅದನ್ನ ಕೇಳಲೇಬೇಕು. ಆದ್ರೆ ಹಕ್ಕು ಇದೆ ಅಂತ ನೀವು ತೋರಿಸಬೇಕು." "ಏನು ತೋರಿಸ್ಲಿ ತಾಯಿ, ಅಗೆದು ತೋರಿಸ್ಲಾ?" ಅಂದೆ. ಅನ್ನಬಾರದಿತ್ತು. ಆ ಹುಡುಗಿ ತಲೆ ತಗ್ಗಿಸಿತು.

ಅವಳೇ ಫೈಲು ತೆಗೆದು ಫೋಟೋ ತೋರಿಸಿದಳು. ಬೆಲೆ ಕಟ್ಟಲು ಬಂದಿದ್ದ ಇಂಜಿನಿಯರು ತೆಗೆದದ್ದು. ನಮ್ಮ ಬೇವಿನ ಮರ ಚೆನ್ನಾಗಿ ಬಿದ್ದಿದೆ ಫೋಟೋದಲ್ಲಿ. ಅದರ ನೆರಳಿಗೆ ಅವನ ಮೋಟರ್ ಬೈಕು. ಸ್ಟ್ಯಾಂಡು ಹಾಕಿರುವುದು ಲಕ್ಷ್ಮಿಯ ನೆತ್ತಿಯ ಮೇಲೆ. ಕೆಳಗೆ ಇಂಗ್ಲಿಷಿನಲ್ಲಿ ಏನೋ ಇತ್ತು, ಏನಮ್ಮ ಅದು ಅಂದೆ. "ಖಾಲಿ ಜಾಗ ಅಂತ" ಅಂದಳು, ದನಿ ಇಳಿಸಿ.

ಸಾಕ್ಷಿ ಬೇಕು ಅಂದಿದ್ದಳಲ್ಲ, ಮಾರನೆಯ ದಿನ ಸಿದ್ದಾಪುರದ ಹಟ್ಟಿಯಿಂದ ಜುಂಜಪ್ಪನನ್ನು ಕರೆದುಕೊಂಡು ಹೋದೆ. ಅಪ್ಪನ ಗುಣಿ ತೋಡಿದವನು ಅವನೇ, ಮಿಲ್ಲಿನ ಹಿಂದೆ ವರ್ಷ ವರ್ಷವೂ ಕುರಿ ಕೂಡಿಹಾಕಿ ತರುಬುವವನೂ ಅವನೇ, ಅವನಿಗಿಂತ ಸಾಕ್ಷಿ ಬೇಕೇ ಅಂತ. ದಾರಿಯುದ್ದಕ್ಕೂ ಹೇಳಿಕೊಟ್ಟಿದ್ದೆ, "ಸಮಾಧಿ ಐದಾವೆ ಅಂತ ಅಷ್ಟೇ ಹೇಳ್ಲೇ, ಹೆಚ್ಚಿಗೆ ಮಾತಾಡಬ್ಯಾಡ." ಅಲ್ಲಿ ಹೋಗಿ ಕಂಬಳಿ ಸರಿಮಾಡಿಕೊಂಡು ತನ್ನ ತೆಲುಗು ಬೆರೆಸಿ ಚೆನ್ನಾಗೇ ಶುರು ಮಾಡಿದ, "ಅವುನು ಅಮ್ಮಾ, ಹೌದು, ಅದಿ ಪೆದ್ದಲ ಜಾಗ, ಹಿರೇರ ಜಾಗ, ನನ್ನ ಕೈಯಾರೆ ಮಣ್ಣು ಎಳದೀನಿ" ಅಂದ. ನನಗೆ ಜೀವ ಬಂತು. ಅಷ್ಟಕ್ಕೆ ನಿಲ್ಲಿಸಿದನೇ? "ಹಂಗೇ ಅದರ ಪಕ್ಕಕ್ಕೆ ನಂದೂ ಒಂದು ಕುರಿರೊಪ್ಪ ಐತಮ್ಮ, ಅದನ್ನೂ ಬರಕಳ್ಳಿ, ಹಳ್ಳಕ್ಕೆ ಹೋಗೋ ದಾರೀನೂ ನಂದೇ" ಅಂದ. ಒಳಗಿನಿಂದ ಮ್ಯಾನೇಜರು ನಗುತ್ತಾ ಬಂದು, "ಒಂದು ಹೊಲಕ್ಕೆ ಎಷ್ಟು ಜನರೀ ಮೂರನೆಯವರು?" ಅಂದ. ಹೊರಗೆ ಬಂದು ಜುಂಜಪ್ಪನಿಗೆ ಬಾಯಿಗೆ ಬಂದದ್ದು ಬೈದೆ. ಅವನು ಬೀಡಿ ಹಚ್ಚಿ, "ನಿಮ್ಮ ಹಿರೇರು ಸತ್ತು ಕುಂತವ್ರೆ ಯಜಮಾನ್ರೆ, ನನ್ನ ಕುರಿ ಬದುಕವೆ, ಅವು ಎಲ್ಲಿ ಹೋಗ್ಬೇಕು?" ಅಂದ. ಇಬ್ಬರೂ ಬಸ್‌ಸ್ಟ್ಯಾಂಡಿನಲ್ಲಿ ಮಂಡಕ್ಕಿ ತಿಂದು ಬಂದೆವು.

ಕೊನೆಗೆ ಐಶ್ವರ್ಯ ಒಂದು ದಾರಿ ಹೇಳಿದಳು. ಅಡ ಇಟ್ಟವನೇ, ಅಂದರೆ ನೀನೇ, ಈ ಮೂಲೆ ನನ್ನೊಬ್ಬನದಲ್ಲ, ಮನೆತನದ ಸಮಾಧಿ ಜಾಗ, ಅಡಕ್ಕೆ ಸೇರಬಾರದಿತ್ತು ಅಂತ ಬರೆದು ಸಹಿ ಹಾಕಿದರೆ ಅದಕ್ಕೆ ತೂಕ ಬರುತ್ತದೆ. ಆಗ ಆ ಮೂಲೆಯನ್ನು ಅಳೆದು ಬಿಡಬಹುದು, ಇಲ್ಲವೇ ಹರಾಜಿನ ನೋಟೀಸಿನಲ್ಲೇ ಸಮಾಧಿಗಳಿವೆ, ಮನೆಯವರಿಗೆ ಹೋಗಿ ಬರುವ ಹಕ್ಕಿದೆ ಅಂತ ಸೇರಿಸಬಹುದು, ಕೊಂಡವನು ಅದಕ್ಕೆ ಬದ್ಧನಾಗಿ ಕೊಳ್ಳುತ್ತಾನೆ. ಅದಿಲ್ಲದಿದ್ದರೆ ಇದ್ದದ್ದು ಇದ್ದ ಹಾಗೆ ಮಾರಾಟ. ಆಮೇಲೆ ನಾನು ಬೆಂಗಳೂರಿನ ಕೋರ್ಟಿಗೆ ಅಲೆಯಬೇಕು, ಅಷ್ಟರಲ್ಲಿ ಕೊಂಡವನು ಜೆಸಿಬಿ ತಂದಿರುತ್ತಾನೆ. ಜೆಸಿಬಿಗೆ ಅಪ್ಪ ಯಾರು, ಬಂಡೆ ಯಾವುದು?

ಸಿದ್ದು, ನಿನಗೆ ಬೈಯುವುದು ಬಹಳ ಇದೆ, ಒಂದೇ ಒಂದು ಬರೆಯುತ್ತೇನೆ. ಲಕ್ಷ್ಮಿ ಈ ಮನೆಗೆ ಬಂದಾಗ ನಿನಗೆ ಚಡ್ಡಿ ಗುಂಡಿ ಹಾಕಿಕೊಳ್ಳಲು ಬರುತ್ತಿರಲಿಲ್ಲ. ನೀನು ಬಿ.ಕಾಂ. ಪಾಸಾದ ದಿನ ಅತ್ತಿಗೆಯ ಕಾಲಿಗೆ ಬಿದ್ದೆ, ನನ್ನ ಕಾಲಿಗೆ ಬೀಳಲು ಮರೆತೆ, ಅವಳು ಅದನ್ನು ಹೇಳಿಕೊಂಡು ವರ್ಷಗಟ್ಟಲೆ ನನ್ನನ್ನು ಗೇಲಿ ಮಾಡಿದಳು. ಅವಳು ಹೋದ ದಿನ ನನ್ನ ಕೈಕಾಲು ಆಡಲಿಲ್ಲ. ಗುಣಿಗೆ ಇಳಿದು ಅವಳನ್ನು ಕೂರಿಸಿ, ಹಣೆಗೆ ವಿಭೂತಿ ಹಚ್ಚಿ, ಜಾರಿದ ಸೆರಗನ್ನು ಸರಿಮಾಡಿ ಮೇಲೆ ಬಂದವನು ನೀನು. ಅದೇ ಜಾಗವನ್ನು ಅಡ ಇಡುವಾಗ ನಿನ್ನ ಕೈ ಹೇಗೆ ಬಂತೋ? ನಾನು ಎಷ್ಟು ಯೋಚನೆ ಮಾಡಿದರೂ ನನಗೆ ತಿಳಿಯುವುದಿಲ್ಲ. ನೀನು ಕೆಟ್ಟವನಲ್ಲ, ಅದೇ ನನಗೆ ಸಂಕಟ. ಕೆಟ್ಟವನಾಗಿದ್ದರೆ ಬೈದು ಮರೆಯುತ್ತಿದ್ದೆ.

ಆದ್ದರಿಂದ ಈ ಕಾಗದ ಕೈಗೆ ಸಿಕ್ಕಿದ ಕೂಡಲೇ ಮೇಲಿನ ಮಾತನ್ನು ಛಾಪಾ ಕಾಗದದ ಮೇಲೆ ಬರೆದು, ನೋಟರಿ ಮಾಡಿಸಿ, ಸಹಿ ಹಾಕಿ ಸ್ವಪ್ನಳ ಕೈಯಲ್ಲಿ ಕೊಡು. ನೆಪ ಹೇಳಬೇಡ. ನನ್ನ ಜಾಗದ ಮಾತು ಬಿಡು, ನಾನು ಎಲ್ಲಿ ಬಿದ್ದರೂ ಬಿದ್ದೇನು. ಅವ್ವನಿಗೆ ಈ ಊರಲ್ಲಿ, ಆ ಊರಲ್ಲಿ ಏನೂ ಬೇಡ, ಚಿನ್ನ ಬೇಡ, ಸೀರೆ ಬೇಡ, ಗಂಡನ ಪಕ್ಕ ಬಿಟ್ಟಿರುವ ಅಷ್ಟು ನೆಲ ಸಾಕು. ಅಷ್ಟು ಮಾಡದಿದ್ದರೆ ನೀನು ನನ್ನ ತಮ್ಮನಲ್ಲ.

ಹೊತ್ತಿಗೆ ಸರಿಯಾಗಿ ಉಣ್ಣು. ಶಿವ ನಿನ್ನನ್ನು ಚೆನ್ನಾಗಿ ಇಟ್ಟಿರಲಿ. ಅವ್ವ ನಿನ್ನ ತಲೆ ಸವರಿದಳು ಅಂತ ಬರೆಯಲು ಹೇಳಿದಳು.

ನಿನ್ನ ಅಣ್ಣ,
ಜಂಬುಲಿಂಗಪ್ಪ

ತಾ.ಕ.: ಸಹಿ ಹಾಕಬೇಡ. ಪೆನ್ನು ಹಿಡಿದಿದ್ದರೆ ಕೆಳಗಿಡು.

ಇದನ್ನು ಇಳಿಹೊತ್ತಿನಲ್ಲಿ ಬರೆಯುತ್ತಿದ್ದೇನೆ. ಮಾತು ಸರಿಯಾಗಿದೆಯೋ ಇಲ್ಲವೋ ಕೇಳೋಣ ಅಂತ ಈ ಕಾಗದ ಹಿಡಿದುಕೊಂಡು ಬ್ಯಾಂಕಿಗೆ ಹೋಗಿದ್ದೆ. ಐಶ್ವರ್ಯ ಓದಿದಳು, ನಿನ್ನ ಫೈಲು ತೆಗೆದು ಹಿಂದಿನ ಹಾಳೆಗಳನ್ನು ನೋಡಿದಳು, ಆಮೇಲೆ ನನ್ನನ್ನು ಮೆಟ್ಟಿಲ ಹತ್ತಿರ ಕರೆದುಕೊಂಡು ಹೋದಳು. "ಅಂಕಲ್, ಇದು ನಾನು ಹೇಳಬಾರದು. ಈ ಜಾಗದಲ್ಲಿ ಬೇರೆ ಯಾರದೂ ಹಕ್ಕಿಲ್ಲ ಅಂತ ನಿಮ್ಮ ತಮ್ಮ ಸಾಲ ತಗೊಳ್ಳುವಾಗ ಪ್ರಮಾಣ ಮಾಡಿ ಕೊಟ್ಟಿದ್ದಾರೆ. ಈಗ ಇತ್ತು ಅಂತ ಅವರೇ ಬರೆದುಕೊಟ್ರೆ ಮೂಲೆ ಉಳೀಬಹುದು. ಆದ್ರೆ ಸುಳ್ಳು ಹೇಳಿ ಸಾಲ ತಗೊಂಡ್ರು ಅಂತ ಮೇಲಿನವರು ಪೊಲೀಸಿಗೆ ಕೊಡ್ತಾರೆ. ಕೊಟ್ಟೇ ಕೊಡ್ತಾರೆ" ಅಂದಳು.

ಮನೆಗೆ ಬಂದು ಅವ್ವನಿಗೆ ಹೇಳಿದೆ. ಮುಚ್ಚಿಡೋಣ ಅಂದುಕೊಂಡಿದ್ದೆ, ಅವಳ ಮುಂದೆ ಆಗಲಿಲ್ಲ. ಮೊರ ಪಕ್ಕಕ್ಕೆ ಸರಿಸಿದಳು. ಅಳುತ್ತಾಳೆ ಅಂದುಕೊಂಡೆ, ಅಳಲಿಲ್ಲ. "ಅವ್ನ ಕೈಲಿ ಸಹಿ ಹಾಕಿಸ್ಬ್ಯಾಡ. ನಿಮ್ಮಪ್ಪಗೆ ಒಬ್ರೇ ಇದ್ದು ರೂಢಿ ಐತೆ, ಇನ್ನ ಸ್ವಲ್ಪ ಇರ್ಲಿ. ನನ್ನ ಊರ ರುದ್ರಭೂಮಿಯಾಗೆ ಇಟ್ರೂ ಇರ್ತೀನಿ, ನಾಲ್ಕು ಜನ ಇರ್ತಾರೆ, ಮಾತಿಗಾದ್ರೂ ಆಗ್ತಾರೆ. ಮಗನ್ನ ಜೈಲಿಗೆ ಕಳಿಸಿ ಗಂಡನ ಪಕ್ಕ ಕುಂತ್ಕಂಡ್ರೆ ಅವ್ರು ನನ್ನ ಮಾತಾಡಿಸ್ತಾರೇನೋ?" ಅಂದಳು. ಆಮೇಲೆ ಮೊರ ಮತ್ತೆ ಎಳೆದುಕೊಂಡಳು. ಸುಲಿದದ್ದನ್ನೂ ಸಿಪ್ಪೆಯನ್ನೂ ಒಂದಕ್ಕೇ ಹಾಕುತ್ತಿದ್ದಾಳೆ.

ನನ್ನದೂ ಜುಂಜಪ್ಪನದೂ ಸೇರಿಸಿ ಬರೀ ನಮ್ಮ ತಕರಾರು ಅರ್ಜಿ ಕೊಡುತ್ತೇನೆ, ಅವನ ಕುರಿರೊಪ್ಪವೂ ಅದರಲ್ಲಿ ಇರಲಿ. ಅದು ನಿಲ್ಲುವುದಿಲ್ಲ ಅಂತ ನನಗೆ ಗೊತ್ತು. ಲಕ್ಷ್ಮಿಗೆ ನಾನೇ ಹೋಗಿ ಹೇಳಿ ಬರುತ್ತೇನೆ, ಕಾವಲಿನವನ ಕಾಲು ಹಿಡಿದಾದರೂ.

ಹೊಸದಾಗಿ ಬರೆಯೋಣ ಅಂದರೆ ಸ್ವಪ್ನ ಚೀಲ ಹೆಗಲಿಗೆ ಹಾಕಿ ಬಾಗಿಲಲ್ಲಿ ನಿಂತಿದ್ದಾಳೆ. ಬೈದದ್ದು ಹಾಗೇ ಇರಲಿ, ಅದು ನಿನಗೆ ಸಲ್ಲಬೇಕಾದದ್ದೇ. ತಮ್ಮನಲ್ಲ ಅಂದ ಒಂದು ಮಾತು ಮಾತ್ರ ಹೊಡೆದು ಹಾಕಿಕೋ. ಓದಿದ ಮೇಲೆ ಈ ಕಾಗದ ಸುಟ್ಟುಬಿಡು, ಯಾರ ಕೈಗೂ ಸಿಗಬಾರದು, ನನ್ನ ಅಕ್ಷರವೇ ನಿನ್ನ ಮೇಲೆ ಸಾಕ್ಷಿಯಾದೀತು. ಅವ್ವ ಬದುಕಿರುವಾಗಲೇ ಒಂದು ಸಲ ಬಾ.